ಹೊರೆಯವರ ಕಲ್ಲುಗುಪ್ಪೆ

ಆ ಅಫಿಡವಿಟ್‌ನ ಡ್ರಾಫ್ಟ್ ಬರೆದವಳು ನಾನು. ವಕೀಲರು ಬರೆಯಬೇಕಾದದ್ದೇ, ಆದರೆ ನಮ್ಮ ಅರಸೀಕೆರೆಯ ವಕೀಲರಿಗೆ ಇಂಗ್ಲಿಷ್ ಎಂದರೆ ಸ್ವಲ್ಪ ಅಳುಕು. ಕಾನ್ವೆಂಟಿನಲ್ಲಿ ಓದಿದ ಮೇಡಂ ಇದ್ದಾರೆ, ಅವರ ಕೈಲಿ ಬರೆಸಿಕೊಂಡು ಬನ್ನಿ ಎಂದು ಹಟ್ಟಿಯವರನ್ನು ನನ್ನ ಮನೆಗೆ ಅಟ್ಟಿದ್ದರು. ತೊಂಬತ್ತರ ದಶಕ ಮುಗಿಯುತ್ತಿದ್ದ ಕಾಲ.

ಕಣಕಟ್ಟೆ ಕಡೆ ಒಂದು ಗುಡ್ಡದ ಬುಡದಲ್ಲಿ ಅವರ ಹಟ್ಟಿ. ಗುಡ್ಡ ರಿಸರ್ವ್ ಫಾರೆಸ್ಟು. ಅದರ ಅಂಚಿನಲ್ಲಿ ಕಲ್ಲು ಗಣಿಗೆ ಯಾರಿಗೋ ಲೀಸ್ ಸಿಕ್ಕಿತ್ತು. ಮದ್ದಿಟ್ಟು ಬಂಡೆ ಸಿಡಿಸುತ್ತಾ ಗಣಿ ಮೇಲಕ್ಕೆ ಹತ್ತುತ್ತಿತ್ತು. ಮೇಲೆ, ಬಂಡೆಯ ಮಡಿಲಲ್ಲಿ ನೀರು ನಿಲ್ಲುವ ಒಂದು ದೊಣೆ. ಬಾವಿಗಳೆಲ್ಲ ಬತ್ತಿದ ಬೇಸಿಗೆಯಲ್ಲೂ ಹಟ್ಟಿಗೆ ಕುಡಿಯಲು ಅದರ ನೀರಿತ್ತು. ದೊಣೆ ಕಾಡಿನ ಗಡಿಯ ಒಳಗೋ ಹೊರಗೋ, ಅಷ್ಟೇ ಕೇಸು. ಒಳಗಿದ್ದರೆ ಉಳಿಯುತ್ತದೆ, ಹೊರಗಿದ್ದರೆ ಜಲ್ಲಿಯಾಗುತ್ತದೆ. ಹಿಂದಿನವರು ಗಡಿಗೆ ನಂಬರು ಕೆತ್ತಿದ ಕಲ್ಲು ನೆಟ್ಟು, ಸುತ್ತ ಗುಪ್ಪೆ ಹಾಕಿದ್ದರಂತೆ. ಗಣಿಯವರು ತೋರಿಸುತ್ತಿದ್ದ ಸುಣ್ಣ ಬಳಿದ ಗುಪ್ಪೆ ದೊಣೆಗಿಂತ ಮೇಲಿತ್ತು, ಅಂದರೆ ದೊಣೆ ಕಾಡಿನ ಹೊರಗೆ.

ಹಟ್ಟಿಯವರ ಪರವಾಗಿ ಮಾತಾಡಿದವಳು ಸೌದೆ ಹೊರುವ ಒಬ್ಬ ಹೆಂಗಸು. ನನ್ನದೇ ವಯಸ್ಸು. ಕುರ್ಚಿ ಬೇಡವೆಂದು ನೆಲದ ಮೇಲೆ ಕೂತು ಎಲ್ಲ ಹೇಳಿದಳು. ನಡುವೆ ಒಂದು ಮಾತು.

"ಕಾಡಿಂದ ಹೊರೆ ತಂದ್ರೆ, ಕಾಡು ಮುಗಿಯೋ ತಾವ ಒಂದು ಕಲ್ಲು ಹಾಕಿ ಬತ್ತೀವಿ ಅಮ್ಮಾವ್ರೇ. ನಮ್ಮತ್ತೆ ಹಾಕೋರು, ಅವರತ್ತೆನೂ ಹಾಕೋರಂತೆ. ಅದನ್ನೂ ಬರ್ಕಳಿ."

ನಾನು ಬರೆದುಕೊಳ್ಳಲಿಲ್ಲ. ಹೈಕೋರ್ಟಿಗೆ ಈ ಸೂಪರ್‌ಸ್ಟಿಷನ್ ಎಲ್ಲ ಬೇಡಮ್ಮ ಎಂದೆ. ಅಲ್ಲದೆ ರಿಸರ್ವ್ ಫಾರೆಸ್ಟಿನಿಂದ ಸೌದೆ ತರುತ್ತೇವೆಂದು ನೀವೇ ಒಪ್ಪಿಕೊಂಡಂತಾಗುತ್ತದೆ ಎಂದು ಹೆದರಿಸಿದೆ. ನಾನು ನವಿಲು, ಕರಡಿ, ಫ್ಲೋರಾ ಅಂಡ್ ಫೌನಾ ಎಂದು ಪುಟಗಟ್ಟಲೆ ಬರೆದೆ. ಕಾನ್ವೆಂಟಿನ ಸಿಸ್ಟರ್ ಇದ್ದಿದ್ದರೆ ಕಾಂಪೊಸಿಷನ್‌ಗೆ 'ವೆರಿ ಗುಡ್' ಕೊಡುತ್ತಿದ್ದರು.

ಕೋರ್ಟು ಸ್ಥಳ ನೋಡಿ ಬರಲು ಬೆಂಗಳೂರಿನ ಒಬ್ಬ ವಕೀಲರನ್ನು ಕಮಿಷನರ್ ಮಾಡಿ ಕಳಿಸಿತು. ಅವರ ಹಿಂದೆ ಗುಡ್ಡ ಹತ್ತಿದ್ದು ಎರಡೂ ಕಡೆಯ ವಕೀಲರು, ಸರ್ವೇಯರು, ಫಾರೆಸ್ಟ್ ಗಾರ್ಡು, ಹಟ್ಟಿಯವರು, ಕೊನೆಯಲ್ಲಿ ಏದುಸಿರು ಬಿಡುತ್ತಾ ನಾನು. ಹತ್ತುವ ಮುನ್ನ ಜೀಪಿನ ಬಾನೆಟ್ ಮೇಲೆ ಹರಡಿದ ಹಳೆಯ ಮ್ಯಾಪು ಎಷ್ಟು ಮಾಸಿತ್ತೆಂದರೆ ಯಾರು ಬೇಕಾದರೂ ಎಲ್ಲಿ ಬೇಕಾದರೂ ಗೆರೆ ಕಾಣಬಹುದಿತ್ತು. ಸುಣ್ಣದ ಗುಪ್ಪೆಯನ್ನು ನೋಡಿ ಕಮಿಷನರ್ ಬರೆದುಕೊಂಡರು. ಸೋತೆವು ಅಂದುಕೊಂಡೆ.

ಇಳಿಯುವಾಗ ನೋಡುತ್ತೇನೆ, ಆ ಹೆಂಗಸು ದಾರಿಯುದ್ದಕ್ಕೂ ಒಣಕಡ್ಡಿ ಆಯ್ದು, ಕಟ್ಟು ಕಟ್ಟಿ, ತಲೆಯ ಮೇಲೆ ಹೊತ್ತಿದ್ದಾಳೆ. ಗಾರ್ಡ್ ಎದುರಿಗೇ. ಒಂದು ತಿರುವಿನಲ್ಲಿ ನಿಂತು, ಕತ್ತು ಅಲುಗಿಸದೆ, ಕಾಲ್ಬೆರಳ ಸಂದಿಯಲ್ಲಿ ಒಂದು ಕಲ್ಲು ಹಿಡಿದೆತ್ತಿ ಕೈಗೆ ತಂದುಕೊಂಡು, ಪಕ್ಕದ ರಾಶಿಗೆ ಹಾಕಿದಳು. ಕಮಿಷನರ್ ಏನಮ್ಮಾ ಅದು ಎಂದು ಕೇಳಿದರು.

"ಕಾಡಿನ ಸೌದೆ ಸ್ವಾಮಿ. ಕಳ್ತನ ಅಂದ್ರೆ ಕಳ್ತನವೇ. ಕಾಡು ಇಲ್ಲಿಗೆ ಮುಗೀತೈತೆ, ಅದಕ್ಕೇ ಕಲ್ಲು ಹಾಕ್ದೆ."

ಗಣಿಯವರ ವಕೀಲರು ನಕ್ಕರು. "ನೀನು ಹಾಕಿದ್ದೇ ಗಡಿಯೇನಮ್ಮಾ?"

"ನಾನು ಸೊಸೆಯಾಗಿ ಬಂದಾಗ್ಲೇ ಇದು ನನ್ನ ಎದೆಮಟ್ಟ ಇತ್ತು ಸ್ವಾಮಿ. ಬಗೆದು ನೋಡಿ."

ಬೆಳಿಗ್ಗೆ ಹತ್ತುವಾಗ ಅದನ್ನು ಗಣಿಯ ತ್ಯಾಜ್ಯವೆಂದುಕೊಂಡು ದಾಟಿದ್ದೆ. ಈಗ ನೋಡಿದೆ. ಒಂದು ದನದ ಕೊಟ್ಟಿಗೆಯಷ್ಟು ಅಗಲ. ಒಂದೊಂದು ಕಲ್ಲೂ ಅಂಗೈಯಲ್ಲಿ ಹಿಡಿಸುವಷ್ಟು. ಮೇಲಿನವು ಹೊಸವು, ಕೆಳಕೆಳಗೆ ಹೋದಂತೆ ಹಾವಸೆ ಒಣಗಿ ಕಪ್ಪಿಟ್ಟವು. ಕಮಿಷನರ್ ಬಗೆಯಲು ಹೇಳಿದರು. ಸರ್ವೇಯರ ಜೊತೆ ಬಂದಿದ್ದ ಆಳುಗಳು ತೆಗೆಯುತ್ತಾ ಹೋದರು, ತೆಗೆಯುತ್ತಾ ಹೋದರು. ಬುಡದಲ್ಲಿ ಉಳಿಯಿಂದ ಚೌಕವಾಗಿ ಹೊಡೆದ ಕಲ್ಲೊಂದು, ಅದರ ಮೇಲೆ ಕೆತ್ತಿದ ನಂಬರು. ಮ್ಯಾಪಿನಲ್ಲಿದ್ದ ಅದೇ ನಂಬರು. ದೊಣೆಗಿಂತ ಎಷ್ಟೋ ಕೆಳಗೆ.

ಸ್ಕೂಲಿನಿಂದ ಹಳೇಬೀಡಿಗೆ ಎಕ್ಸ್‌ಕರ್ಷನ್ ಹೋದಾಗಲೆಲ್ಲ ಗೋಡೆಯ ಆನೆಸಾಲಿನ ಮುಂದೆ ಬಾಯಿ ತೆರೆದು ನಿಲ್ಲುತ್ತಿದ್ದೆ. ಅಂದು ಹಾಗೇ ನಿಂತೆ. ಉಳಿ ತಾಗದ ಕಲ್ಲುಗಳು. ತಲೆಯ ಮೇಲೆ ಹೊರೆ, ಕಾಲ್ಬೆರಳಲ್ಲಿ ಒಂದು ಕಲ್ಲು, ಹಿಂದೆ ಇನ್ನೊಬ್ಬಳು, ಅವಳ ಹಿಂದೆ ಮತ್ತೊಬ್ಬಳು. ಎಷ್ಟು ಜನ! ಹಾಕುತ್ತಾ ಹಾಕುತ್ತಾ ಗಡಿಯನ್ನು ಮುಚ್ಚಿಯೂ ಬಿಟ್ಟಿದ್ದರು, ಕಾಪಾಡಿಯೂ ಇದ್ದರು.

ಹೊರಡಬೇಕು ಎನ್ನುವಾಗ ಅವಳು ತಡೆದಳು. "ತೆಗೆಸಿದೋರೇ ಮುಚ್ಚಬೇಕು ಸ್ವಾಮಿ." ಕಮಿಷನರ್ ಪುಸ್ತಕವನ್ನು ಕಂಕುಳಲ್ಲಿಟ್ಟುಕೊಂಡು ಬಗ್ಗಿದರು. ಸ್ವಲ್ಪ ಹೊತ್ತು ಅತ್ತಿತ್ತ ನೋಡಿ ಗಣಿಯವರ ವಕೀಲರೂ ಬಗ್ಗಿದರು. ಗಾರ್ಡ್ ಮಾತ್ರ ಸೌದೆಯ ಕಟ್ಟು ಕಾಣದವನಂತೆ ಬೇರೆ ಕಡೆ ತಿರುಗಿದ್ದ.

ಕೆಲವು ತಿಂಗಳ ಮೇಲೆ ಆರ್ಡರ್ ಬಂತು. ಗಣಿ ಆ ಗಡಿಯ ಆಚೆಗೇ ನಿಂತಿತು. ಹೆಂಗಸರ ಕಲ್ಲುಗಳಿಗೆಂದೇ ಅದರಲ್ಲೊಂದು ಪ್ಯಾರಾ ಇತ್ತು. ನನ್ನ ನವಿಲುಗಳಿಗೆ ಒಂದು ಸಾಲೂ ಇರಲಿಲ್ಲ. ಅವಳನ್ನು ನಮ್ಮ ಹಜಾರದಲ್ಲಿ ಕೂರಿಸಿಕೊಂಡು ಅದನ್ನೆಲ್ಲ ಕನ್ನಡದಲ್ಲಿ ಹೇಳಿದೆ. ಈ ಸಲ ನಾನೂ ನೆಲದ ಮೇಲೇ ಕೂತಿದ್ದೆ. ಕೊನೆಯವರೆಗೂ ಕೇಳಿ ಅವಳು ಕೇಳಿದ್ದು ಒಂದೇ:

"ಅಂಗಾರೆ ದೊಣೆ ಒಳೀಕೆ ಬಂತಾ ಅಮ್ಮಾವ್ರೇ?"

"ಒಳಗೇ ಇತ್ತಲ್ಲಮ್ಮ" ಎಂದೆ.