ರಾಣಿ ಸತ್ತ ಮೇಲಿನ ಕಂತುಗಳು

ರಾಣಿ ಆರನೇ ಕಂತಿನ ನಲವತ್ತೊಂದನೇ ನಿಮಿಷದಲ್ಲಿ ಸಾಯುತ್ತಾಳೆ. ಇದನ್ನು ಯಾರಿಗೂ ಹೇಳುವುದಿಲ್ಲವೆಂದು ಮೂರನೇ ಸೀಸನ್ ಶುರುವಾಗುವಾಗ ನಾನು ಸಹಿ ಹಾಕಿದ್ದೆ. ಹಾಕಿದ ಐದನೇ ವಾರ ಹೇಳಿಬಿಟ್ಟೆ.

ನನ್ನ ಕೆಲಸ ಕಂತುಗಳ ಕೈಪಿಡಿ ಬರೆಯುವುದು. ಇಂದಿರಾನಗರದ ಒಂದು ಹಳೆಯ ಮನೆ ಈಗ ಡಬ್ಬಿಂಗ್ ಸ್ಟುಡಿಯೋ ಆಗಿದೆ. ಹೊರದೇಶದ ದೊಡ್ಡದೊಂದು ಧಾರಾವಾಹಿ ಅಲ್ಲಿ ಕನ್ನಡ ಮಾತಾಡುತ್ತದೆ: ಏಳು ಬೆಟ್ಟಗಳ ಮೇಲೆ ಏಳು ಕೋಟೆ, ಹಕ್ಕಿಗಳ ಬೆನ್ನೇರಿ ಯುದ್ಧಕ್ಕೆ ಹೋಗುವ ಸೈನಿಕರು, ಬೆಟ್ಟದ ಬುಡದಿಂದ ತುದಿಗೆ ಹತ್ತುವ ಒಂದು ನದಿ. ಪ್ರತಿ ಕಂತಿಗೂ ನಾನು ಎರಡು ಬರಹ ಕೊಡಬೇಕು. ನೋಡುಗರಿಗೆ ನಾಲ್ಕು ಸಾಲು, ಗುಟ್ಟು ಬಿಡದ ಹಾಗೆ. ಸ್ಟುಡಿಯೋದವರಿಗೆ ಎರಡು ಪುಟ. ಯಾರು ಬರುತ್ತಾರೆ, ಎಲ್ಲಿಗೆ ಬರುತ್ತಾರೆ, ಯಾರಿಗೆ ಯಾವ ಸಂಗತಿ ತಿಳಿಯಿತು, ಯಾರು ಸತ್ತರು, ಯಾರಿಗೆ ಎಷ್ಟು ಮಾತು ಎಂದೆಲ್ಲ ಆರು ಅಂಕಣ ಮಾಡಿಕೊಂಡಿದ್ದೆ. ಮೊದಲ ಎರಡು ಸೀಸನ್ನಿನ ಇಪ್ಪತ್ತು ಕಂತುಗಳಲ್ಲಿ ಹೆಸರಿದ್ದು ಸತ್ತವರು ಅರವತ್ತಮೂರು ಜನ, ಸತ್ತು ವಾಪಸ್ ಬಂದವರು ಇಬ್ಬರು. ಲೆಕ್ಕ ಇಡುವುದು ನನಗೆ ಹೈಸ್ಕೂಲಿನಿಂದ ಬಂದ ರೂಢಿ. ಬೈಯಪ್ಪನಹಳ್ಳಿಯ ನನ್ನ ರೂಮಿನಲ್ಲಿ ಡೈರಿಗಳದೇ ಒಂದು ಶೆಲ್ಫ್ ಇದೆ. ಇಲ್ಲಿ ಬರೆಯುತ್ತಿರುವುದನ್ನೂ ಅದರಿಂದಲೇ ತೆಗೆದಿದ್ದೇನೆ.

ರಾಣಿಗೆ ದನಿ ಕೊಡುವವರನ್ನು ಎಲ್ಲರೂ ಆಪಾ, ಅಂದರೆ ಅಕ್ಕ, ಎಂದೇ ಕರೆಯುವುದು. ಐವತ್ತು ದಾಟಿದ ಹೆಂಗಸು, ಶಿವಾಜಿನಗರದವರು, ಮನೆಮಾತು ದಖ್ಖನಿ. ಮೈಕಿನ ಮುಂದೆ ನಿಂತು "ಸೇನಾಪತಿಗಳೇ, ಈ ಕೋಟೆಯ ಬಾಗಿಲು ನನ್ನ ಅಪ್ಪಣೆಯಿಲ್ಲದೆ ತೆರೆಯಬಾರದು" ಎಂದರೆ ಗಾಜಿನ ಈಚೆ ಕುಳಿತ ನಾವೂ ನೆಟ್ಟಗಾಗುತ್ತಿದ್ದೆವು. ಟೇಕ್ ಮುಗಿಯುತ್ತಿದ್ದಂತೆ ಅದೇ ಬಾಯಲ್ಲಿ, "ಯಾರ್ರೀ ಅದು ಏಸಿ ಆಫ್ ಮಾಡಿದ್ದು? ರಾಣಿ ಬೆಂದ್ ಹೋಗ್ತಿದಾಳೆ ಇಲ್ಲಿ" ಎನ್ನುತ್ತಿದ್ದರು. ರೆಕಾರ್ಡಿಂಗ್ ವೇಳೆ ಏಸಿ ಹಾಕುವಂತಿಲ್ಲ ಎಂಬುದು ಅವರಿಗೆ ನಮಗಿಂತ ಚೆನ್ನಾಗಿ ಗೊತ್ತಿತ್ತು.

ದನಿ ಕೊಡುವವರಿಗೆ ಮುಂದಿನ ಕಥೆ ತಿಳಿಸುವುದಿಲ್ಲ. ಅವತ್ತಿನ ದೃಶ್ಯದ ಹಾಳೆಗಳು ಕೈಗೆ ಬರುತ್ತವೆ, ಸಂಜೆ ವಾಪಸ್ ಹೋಗುತ್ತವೆ. ಕಥೆಯೆಲ್ಲ ಗೊತ್ತಿರುವವರು ಇಬ್ಬರೇ: ಡಬ್ಬಿಂಗ್ ನಿರ್ದೇಶಕರು ಮತ್ತು ನಾನು. ಅವರೂ ನನ್ನ ಕೈಪಿಡಿ ನೋಡಿಯೇ ಕೆಲಸ ಮಾಡುವುದು. ಮೂರನೇ ಸೀಸನ್ನಿನ ಹತ್ತೂ ಕಂತುಗಳ ಮೂಲ ಬರಹ ನನಗೆ ಒಟ್ಟಿಗೆ ಬಂದಿತ್ತು. ಚಿತ್ರ ಮಾತ್ರ ಆರನೇ ಕಂತಿನವರೆಗೆ ಬಂದಿತ್ತು.

ಮೂರನೇ ಕಂತಿನಿಂದಲೇ ಆಪಾ ದನಿ ಗೊಗ್ಗರಾಗತೊಡಗಿತು. ನಾಲ್ಕನೆಯದರಲ್ಲಿ ಒಂದೇ ಮಾತಿಗೆ ಹನ್ನೊಂದು ಟೇಕ್ ಆಯಿತು. ಅವತ್ತು ಮಂಗಳವಾರ. ಮಧ್ಯಾಹ್ನ ಹಿತ್ತಲಿನ ಮೆಟ್ಟಿಲ ಮೇಲೆ ಚಹಾ ಹಿಡಿದು ಕೂತಿದ್ದವರು ನನ್ನನ್ನು ಕರೆದರು.

"ಬೇಟಾ, ಒಂದು ಕೇಳ್ತೀನಿ. ನನ್ನ ರಾಣಿ ಇನ್ನೆಷ್ಟು ದಿನ ಇರ್ತಾಳೆ?"

"ಆಪಾ, ಅದು ಹೇಳೋ ಹಾಗಿಲ್ಲ. ನಿಮಗೇ ಗೊತ್ತಲ್ಲ."

"ಗೊತ್ತು. ನಿನ್ನ ಕೆಲಸ ಹೋಗ್ಲಿ ಅಂತ ಕೇಳ್ತಿಲ್ಲ. ನನ್ನ ಗಂಟಲು ಹೋಗ್ಬಾರ್ದು ಅಂತ ಕೇಳ್ತಿದೀನಿ."

ಗಂಟಲಿನ ದನಿ ಬರುವ ಜಾಗದಲ್ಲಿ ಸಣ್ಣ ಗಂಟು ಇದೆಯೆಂದು ಡಾಕ್ಟರು ಹೇಳಿದ್ದರು. ಆಪರೇಷನ್ ಆಗಬೇಕು, ಆಮೇಲೆ ಒಂದು ವಾರ ಒಂದಕ್ಷರ ಆಡುವಂತಿಲ್ಲ, ಎರಡು ತಿಂಗಳು ಮೈಕಿನ ಹತ್ತಿರ ಹೋಗುವಂತಿಲ್ಲ. ಒಂದು ತಿಂಗಳು ತಡ ಮಾಡಬಹುದು. ಅದಕ್ಕಿಂತ ತಡವಾದರೆ ಮೊದಲಿನ ದನಿ ವಾಪಸ್ ಬರುತ್ತದೆಂದು ಹೇಳಲಾರೆ ಎಂದಿದ್ದರಂತೆ.

"ಈಗ್ಲೇ ಮಾಡಿಸ್ಕೊಳ್ಳಿ ಆಪಾ," ಎಂದೆ.

"ನಕ್ಕೋ, ಬೇಡ. ಎರಡು ಸೀಸನ್ ನಾನು ಸಾಕಿದೀನಿ ಅವಳನ್ನ. ಸಾಯೋದು ಬೇರೆಯವರ ಬಾಯಲ್ಲಾ? ತಿಂಗಳೊಳಗೆ ಮುಗಿಯುತ್ತೆ ಅಂದ್ರೆ ಮುಗಿಸಿ ಹೋಗ್ತೀನಿ. ಮುಗಿಯಲ್ಲ ಅಂದ್ರೆ ನಾಳೆನೇ ಹೋಗಿ ಮಲಗ್ತೀನಿ. ನೀನು ಎಣಿಸೋ ಪೈಕಿ ಅಲ್ವಾ? ಎಣಿಸಿ ಹೇಳು."

ಒಳಗೆ ಹೋಗಿ ಕೈಪಿಡಿ ತೆರೆದೆ. ರಾಣಿಯ ಹೆಸರಿನ ಎದುರು ಐದನೇ ಕಂತಿನಲ್ಲಿ ಇಪ್ಪತ್ತೊಂದು ಮಾತು, ಆರನೆಯದರಲ್ಲಿ ಹದಿನೇಳು. ಏಳರಿಂದ ಹತ್ತರವರೆಗೆ ಅವಳ ಹೆಸರೇ ಇಲ್ಲ. ಎರಡು ಸಲ ನೋಡಿದೆ. ಮತ್ತೆ ಮೆಟ್ಟಿಲಿಗೆ ಬಂದು, "ಮೂವತ್ತೆಂಟು ಮಾತು. ಆರನೇ ಕಂತಿಗೆ ಮುಗೀತು," ಎಂದೆ.

"ಆಮೇಲೆ ಏನೂ ಇಲ್ಲ?"

"ಏನೂ ಇಲ್ಲ."

ಆಪಾ ಲೋಟ ಕೆಳಗಿಟ್ಟು ಬೆರಳು ಮಡಿಸಿದರು. ಎರಡೂವರೆ ವಾರ. ಅಲ್ಲಿಂದಲೇ ಫೋನ್ ಮಾಡಿ, ತಿಂಗಳ ಕೊನೆಯ ಗುರುವಾರ ಆಪರೇಷನ್‌ಗೆ ಹೆಸರು ಬರೆಸಿದರು.

ಆ ಎರಡೂವರೆ ವಾರ ನಾನು ಅವರ ಟೇಕ್‌ಗಳನ್ನು ಬರೆದಿಟ್ಟಿದ್ದೇನೆ. ಮೂವತ್ತೆಂಟು ಮಾತಿಗೆ ನೂರಾ ಅರವತ್ತು ಟೇಕ್. ಮನೆಯಲ್ಲಿ ಮಾತು ಬಿಟ್ಟಿದ್ದರು. ಸ್ಟುಡಿಯೋಗೆ ಬಂದರೂ ಬಾಯಿ ಬಿಡುವುದು ಮೈಕಿನ ಮುಂದೆ ಮಾತ್ರ. ರಾಣಿ ಸಾಯುವ ದೃಶ್ಯ ಒಂದು ಶನಿವಾರ ಹನ್ನೊಂದೂಕಾಲಿಗೆ ಮುಗಿಯಿತು. ನಿರ್ದೇಶಕರು ಧಾರವಾಡದ ಕಡೆಯವರು, ಸುಲಭಕ್ಕೆ ಹೊಗಳುವವರಲ್ಲ. ಹೆಡ್‌ಫೋನ್ ತೆಗೆದು, "ಚೊಲೋ ಸತ್ರಿ ಆಪಾ," ಎಂದರು. ಆಪಾ ನಕ್ಕು ಕೈ ಮುಗಿದು ಹೋದರು. ಆಪರೇಷನ್‌ಗೆ ಐದು ದಿನವಿತ್ತು.

ಉಳಿದ ನಾಲ್ಕು ಕಂತುಗಳ ಚಿತ್ರ ಬಂದದ್ದು ಮಂಗಳವಾರ ಬೆಳಿಗ್ಗೆ. ಬರಹ ನೋಡಿ ಮಾಡಿದ್ದ ಕೈಪಿಡಿಯನ್ನು ಚಿತ್ರ ನೋಡಿ ತಿದ್ದುವುದು ನನ್ನ ಕ್ರಮ. ಏಳನೆಯದರಲ್ಲಿ ಎರಡು ಸಣ್ಣ ತಪ್ಪು ಸಿಕ್ಕವು. ಎಂಟನೆಯದರ ಇಪ್ಪತ್ತೆರಡನೇ ನಿಮಿಷದಲ್ಲಿ ರಾಣಿಯ ಮಗಳು ನದಿಯ ದಡದಲ್ಲಿ ಒಬ್ಬಳೇ ಕೂರುತ್ತಾಳೆ. ನೀರು ಕಲ್ಲು ಹತ್ತಿ ಮೇಲಕ್ಕೆ ಹರಿಯುತ್ತಿರುತ್ತದೆ. ಆಗ ನದಿ ಮಾತಾಡಿತು. ಮೂಲ ಭಾಷೆಯಲ್ಲಿ ರಾಣಿಯಾದವಳ ದನಿಯಲ್ಲಿ, ಪಿಸುಮಾತಿನಲ್ಲಿ.

ವಿಡಿಯೋ ನಿಲ್ಲಿಸಿ ಬರಹದ ಹಾಳೆ ತೆಗೆದೆ. ಆ ಸಾಲುಗಳು ಅಲ್ಲಿದ್ದವು. ಯಾರ ಹೆಸರೂ ಇಲ್ಲದೆ, ಓರೆ ಅಕ್ಷರದಲ್ಲಿ, ನದಿಯ ವರ್ಣನೆಯ ಜೊತೆಗೇ ಸೇರಿಕೊಂಡಿದ್ದವು. ನಾನು ಅವನ್ನೂ ವರ್ಣನೆ ಎಂದುಕೊಂಡು ಓದಿದ್ದೆ. ನನ್ನ ಕೈಪಿಡಿಯಲ್ಲಿ ನದಿ ಇತ್ತು, ಅಚ್ಚುಕಟ್ಟಾಗಿ, ಎಂಟರಿಂದ ಹತ್ತರವರೆಗಿನ ಮೂರು ಕಂತುಗಳಲ್ಲೂ. 'ಸ್ಥಳ' ಎಂಬ ಅಂಕಣದಲ್ಲಿ.

ಎಂಟರಲ್ಲಿ ಹದಿನಾಲ್ಕು ಮಾತು, ಒಂಬತ್ತರಲ್ಲಿ ಒಂಬತ್ತು, ಹತ್ತರಲ್ಲಿ ಮೂವತ್ತು. ಐವತ್ತಮೂರು. ಮಧ್ಯಾಹ್ನದವರೆಗೆ ಆ ಹಾಳೆ ಮುಂದಿಟ್ಟುಕೊಂಡೇ ಇದ್ದೆ. ಸುಮ್ಮನಿದ್ದರೆ ಏನಾಗುತ್ತದೆಂದು ಸ್ಪಷ್ಟವಾಗಿ ಗೊತ್ತಿತ್ತು. ಗುರುವಾರ ಆಪರೇಷನ್ ಆಗುತ್ತದೆ, ನದಿಗೆ ಬೇರೆ ಯಾರದೋ ದನಿ ಬರುತ್ತದೆ, ನಾನು ಗುಟ್ಟು ಬಿಟ್ಟದ್ದು ಯಾರಿಗೂ ತಿಳಿಯುವುದಿಲ್ಲ. ಆಪಾಗೆ ಮಾತ್ರ ತಿಳಿಯುತ್ತದೆ, ಧಾರಾವಾಹಿ ಬಂದ ದಿನ, ಅವರ ಮನೆಯ ಟಿವಿಯಲ್ಲಿ. ಅರ್ಧ ದಿನದ ರಜೆ ಬರೆದು ಶಿವಾಜಿನಗರದ ಬಸ್ ಹತ್ತಿದೆ.

ಅವರ ಮನೆ ಮಾರ್ಕೆಟ್ಟಿನ ಹಿಂದಿನ ಗಲ್ಲಿಯಲ್ಲಿ, ಮೊದಲ ಮಹಡಿ. ಬಾಗಿಲು ತೆರೆದವರು ನನ್ನ ಮುಖ ನೋಡಿ ಒಳಗೆ ಕರೆದು ಕೂರಿಸಿದರು. ಒಂದೇ ಉಸಿರಿನಲ್ಲಿ ಹೇಳಿಬಿಟ್ಟೆ.

"ಎಷ್ಟು ಅಂದೆ?"

"ಐವತ್ತಮೂರು."

"ಮೂವತ್ತೆಂಟು ಅಂದಿದ್ದೆ ಅವತ್ತು." ದನಿ ಎಷ್ಟು ಸಣ್ಣಗಿತ್ತೆಂದರೆ ನಾನು ಮುಂದೆ ಬಾಗಬೇಕಾಯಿತು. "ಬೇರೆ ಯಾರಾದ್ರೂ ಹೇಳಿದ್ರೆ ಇನ್ನೊಬ್ಬರನ್ನ ಕೇಳ್ತಿದ್ದೆ. ನೀನು ಹೇಳಿದ್ದು ಅಂತ ಬೇರೆ ಯಾರನ್ನೂ ಕೇಳ್ಲಿಲ್ಲ."

"ತಪ್ಪು ನಂದು ಆಪಾ."

"ಹೌ, ನಿಂದೇ. ನನ್ನದಾ?" ಎದ್ದು ಕಿಟಕಿಯ ಹತ್ತಿರ ಹೋದರು. ಕೆಳಗೆ ಆಟೋಗಳ ಹಾರನ್ನು. ತಿರುಗಿ, "ಇನ್ನೊಂದು ವಾರ ಮುಂದೂಡಿ ಅಂದ್ರೆ ಡಾಕ್ಟರ್ ನನ್ನ ಹೊರಗೆ ಹಾಕ್ತಾರೆ. ನಾಳೆ ಒಂದು ದಿನ ಇದೆ. ನಾಳೆನೇ ಎಲ್ಲಾ ಹೇಳ್ಬಿಡ್ತೀನಿ. ಸಾಹೇಬ್ರಿಗೆ ನೀನು ಹೇಳು," ಎಂದರು.

ಸಾಹೇಬರೆಂದರೆ ನಿರ್ದೇಶಕರು. ಆಪಾಗೆ ನದಿಯ ವಿಷಯ ಹೇಗೆ ಗೊತ್ತಾಯಿತೆಂದು ಅವರು ಕೇಳಿಯೇ ಕೇಳುತ್ತಾರೆ. ಆಪಾಗೂ ಅದು ಗೊತ್ತಿತ್ತು. ನನ್ನ ಮುಖವನ್ನೇ ನೋಡುತ್ತಿದ್ದರು.

ಬುಧವಾರ ಎಂಟಕ್ಕೆ ಸ್ಟುಡಿಯೋದ ಬಾಗಿಲಲ್ಲಿ ನಿಂತಿದ್ದೆ. ನಿರ್ದೇಶಕರು ಬಂದದ್ದು ಎಂಟೂ ನಲವತ್ತಕ್ಕೆ. ಬೈಕ್ ನಿಲ್ಲಿಸುವ ಮೊದಲೇ ಹೇಳತೊಡಗಿದೆ. ಹೆಲ್ಮೆಟ್ ತೆಗೆಯದೆ ಪೂರ್ತಿ ಕೇಳಿದರು.

"ಯಾರಿಗೂ ಹೇಳೂದಿಲ್ಲಂತ ಸಹಿ ಮಾಡೀರಿಲ್ಲೋ?"

"ಮಾಡಿದೀನಿ ಸರ್."

"ಹೇಳಿದ್ದು ಹೇಳಿದ್ರಿ, ತಪ್ಪು ಬ್ಯಾರೆ ಹೇಳೀರಿ. ಏನ್ ಮಂದಿರೀ ನೀವು!" ಹೆಲ್ಮೆಟ್ ತೆಗೆದು ಕಂಕುಳಲ್ಲಿ ಇಟ್ಟುಕೊಂಡರು. "ಈಗ ನಿಮ್ಮನ್ನ ಬೈಯಾಕ ಟೈಮಿಲ್ಲ. ಐವತ್ತಮೂರು ಮಾತು ಇನ್ನೂ ಕನ್ನಡಕ್ಕ ಬಂದಿಲ್ಲ. ನಡೀರಿ, ಕುಂದರ್ರಿ."

ಹನ್ನೆರಡರವರೆಗೆ ಇಬ್ಬರೂ ಒಂದೇ ಮೇಜಿನಲ್ಲಿ ಅನುವಾದ ಮಾಡಿದೆವು. "ನದಿಗೆ ತುಟಿ ಇಲ್ಲ, ಅದೊಂದು ಪುಣ್ಯ," ಎಂದರು ಅವರು. ತುಟಿಯ ಚಲನೆಗೆ ಮಾತು ಹೊಂದಿಸುವ ಕೆಲಸ ತಪ್ಪಿತು, ಟೇಕ್‌ಗಳೂ ಕಡಿಮೆ ಸಾಕು. ಆದರೆ ಮೂಲದಲ್ಲಿ ಎಲ್ಲವೂ ಪಿಸುಮಾತು. ಪಿಸುಗುಟ್ಟುವುದು ಗಂಟಲಿಗೆ ಕೂಗುವಷ್ಟೇ ಕೆಟ್ಟದ್ದು ಎಂದು ಡಾಕ್ಟರು ಆಪಾಗೆ ಎಚ್ಚರಿಸಿದ್ದರು.

ಆಪಾ ಹನ್ನೆರಡೂವರೆಗೆ ಬಂದು ಮೈಕಿನ ಮುಂದೆ ನಿಂತರು. ನಿರ್ದೇಶಕರು ಬಾಗಿಲಲ್ಲಿ ನಿಂತು, "ಪಿಸುಪಿಸು ಬ್ಯಾಡ್ರಿ. ಮಗ್ಗಲದಾಗ ಮಲಗಿದ ಕೂಸಿಗೆ ಹೇಳಿದಂಗ, ಮೆತ್ತಗ ಹೇಳ್ರಿ. ಒಂದು ಮಾತಿಗೆ ಎರಡೇ ಟೇಕ್. ಮೂರನೇದು ನಾ ಕೊಡಂಗಿಲ್ಲ," ಎಂದರು.

ನಾನು ಗಾಜಿನ ಈಚೆ ಹಾಳೆ ಹಿಡಿದು, ಮುಗಿದ ಮಾತಿಗೊಂದು ಗೆರೆ ಎಳೆಯುತ್ತಿದ್ದೆ. ಎಂಟನೇ ಕಂತು ಸಲೀಸಾಗಿ ಮುಗಿಯಿತು. ಒಂಬತ್ತನೆಯದರ ನಡುವೆ ಸೌಂಡ್ ಎಂಜಿನಿಯರ್ ಪರದೆಯ ಮೇಲೆ ಬೆರಳಿಟ್ಟು, "ಗುರು, ಇಲ್ಲಿ ನೋಡು, ದನಿ ಒಡೀತಾ ಇದೆ," ಎಂದು ನನ್ನ ಕಿವಿಯಲ್ಲಿ ಹೇಳಿದರು. ಮೂವತ್ತೊಂದನೇ ಮಾತಿಗೆ ನಮಗೇ ಕೇಳಿಸಿತು, ಬಟ್ಟೆ ಹರಿದ ಹಾಗೆ. ಆಪಾ ನೀರು ಕುಡಿದು ಮುಂದುವರಿದರು. ನಲವತ್ತರಲ್ಲಿ ಕೊನೆಯ ಪದವೇ ಬರಲಿಲ್ಲ. ಎರಡನೇ ಟೇಕ್‌ನಲ್ಲಿ ಬಂತು. ಏಸಿ ಇಲ್ಲದ ಕೋಣೆಯಲ್ಲಿ ಅವರ ಕತ್ತು ಬೆವರಿನಿಂದ ಹೊಳೆಯುತ್ತಿತ್ತು.

ನಲವತ್ತೇಳು ಮುಗಿದಾಗ ಗಂಟೆ ಮೂರೂ ಹತ್ತು. ನಲವತ್ತೆಂಟಕ್ಕೆ ಬಾಯಿ ತೆರೆದರು. ಗಾಳಿ ಮಾತ್ರ ಬಂತು.

"ಸಾಕ್ರಿ ಆಪಾ," ಎಂದರು ನಿರ್ದೇಶಕರು.

ಆಪಾ ಗಾಜಿನ ಆಚೆಯಿಂದ ಒಂದು ಬೆರಳು ಎತ್ತಿದರು. ಇನ್ನೊಂದು ಸಲ.

"ಇಲ್ಲ."

ಅವರು ಮತ್ತೆ ಮೈಕಿಗೆ ಬಾಯಿ ಇಟ್ಟರು. ನಿರ್ದೇಶಕರು ಕೈ ಚಾಚಿ ಮೈಕನ್ನೇ ಆಫ್ ಮಾಡಿದರು. ಒಳಗೆ ಕೆಂಪು ದೀಪ ಆರಿತು. ಆಪಾ ಹಾಳೆಗಳನ್ನು ಸ್ಟ್ಯಾಂಡಿನ ಮೇಲೆ ಬಡಿದು, ಅಲ್ಲೇ ಕುರ್ಚಿಯ ಮೇಲೆ ಕೂತು ಗೋಡೆಯ ಕಡೆ ತಿರುಗಿದರು. ಒಳಗೆ ಹೋಗುವ ಧೈರ್ಯ ಯಾರಿಗೂ ಬರಲಿಲ್ಲ. ನನ್ನ ಹಾಳೆಯಲ್ಲಿ ಗೆರೆಯಿಲ್ಲದ ಆರು ಮಾತು ಉಳಿದಿದ್ದವು. ಆರೂ ಹತ್ತನೇ ಕಂತಿನ ಕೊನೆಯವು, ತಾಯಿ ಮಗಳನ್ನು ಬೀಳ್ಕೊಡುವವು.

ಗುರುವಾರ ಆಪರೇಷನ್ ಆಯಿತು. ದನಿ ಹೇಗಿರುತ್ತದೆಂದು ಈಗಲೇ ಹೇಳಲಾಗದು ಎಂದರಂತೆ ಡಾಕ್ಟರು. ಆ ಬುಧವಾರ ಎಷ್ಟು ಕೆಡಿಸಿತೆಂದು ಕೇಳುವ ಹಕ್ಕು ನನಗಿರಲಿಲ್ಲ. ನಿರ್ದೇಶಕರು ನನ್ನ ವಿಷಯ ಮೇಲಿನವರಿಗೆ ಬರೆಯಲಿಲ್ಲ. ಬದಲಿಗೆ, "ಮುಂದಿನ ಸೀಸನ್ ಕಥಿ ನಿಮ್ಮ ಕೈಗೆ ಕೊಡಂಗಿಲ್ಲ. ನೋಡೋರಿಗೆ ನಾಕು ಸಾಲು ಬರೀರಿ, ಸಾಕು," ಎಂದರು. ಒಪ್ಪಿದೆ.

ಆರು ಮಾತುಗಳನ್ನು ರಾಣಿಯ ದಾಸಿಗೆ ದನಿ ಕೊಡುವವರಿಂದ ಹೇಳಿಸುವುದೆಂದು ತೀರ್ಮಾನವಾಯಿತು. ಆ ದಿನ ಬೆಳಿಗ್ಗೆ ಆಪಾ ಬಂದುಬಿಟ್ಟರು. ಮಾತಿಲ್ಲದ ವಾರದ ಆರನೇ ದಿನ, ಕೈಯಲ್ಲೊಂದು ನೋಟ್‌ಬುಕ್ಕು. ಯಾರನ್ನೂ ಕೇಳದೆ ನಿರ್ದೇಶಕರ ಪಕ್ಕದ ಕುರ್ಚಿಯಲ್ಲಿ ಕೂತರು. ಒಳಗಿನ ಹೆಂಗಸು ಹೆದರಿ ಮೊದಲ ಮಾತನ್ನೇ ನುಂಗಿದರು. ಆಪಾ ತಲೆ ಅಡ್ಡ ಆಡಿಸಿ, ದೊಡ್ಡ ಅಕ್ಷರದಲ್ಲಿ ಬರೆದು ಗಾಜಿಗೆ ಹಿಡಿದರು: "ನನ್ನ ಹಾಗೆ ಬೇಡ. ಸುಸ್ತಾದ ತಾಯಿ ಹಾಗೆ." ಇಪ್ಪತ್ತೆರಡು ಟೇಕ್ ಆದವು. ಅದರಲ್ಲಿ ಹದಿನಾರಕ್ಕೆ ತಲೆ ಅಡ್ಡ ಆಡಿಸಿದರು. ಕೊನೆಯ ಮಾತಾದ ಮೇಲೆ ನೋಟ್‌ಬುಕ್ಕು ಮುಚ್ಚಿ ಬ್ಯಾಗಿಗೆ ಹಾಕಿದರು. ಸರಿ ಎಂದು ಅದರಿಂದಲೇ ತಿಳಿದುಕೊಂಡೆವು. ಹೋಗುವಾಗ ನನ್ನ ಕಡೆ ನೋಡಲಿಲ್ಲ.

ಹನ್ನೆರಡು ದಿನದ ಮೇಲೆ, ಭಾನುವಾರ ಸಂಜೆ, ಅವರ ನಂಬರಿನಿಂದ ಫೋನ್ ಬಂತು. ಎತ್ತಿದರೆ ಗುರುತು ಸಿಗದ ದನಿ. ಸ್ವಲ್ಪ ತೆಳು, ಗೊಗ್ಗರಿಲ್ಲ, ಅಂಚಿನಲ್ಲಿ ಸಣ್ಣ ನಡುಕ.

"ದಿನಕ್ಕೆ ಐದು ನಿಮಿಷ ಮಾತಾಡು ಅಂದಿದಾರೆ ಡಾಕ್ಟರ್. ಇವತ್ತಿಂದು ನಿನ್ನ ಬೈಯೋಕೆ ಇಟ್ಕೊಂಡಿದೀನಿ. ಫೋನ್ ಇಡ್ಬೇಡ."

"ಇಡಲ್ಲ ಆಪಾ."

ಬೈದರು. ಹೆಚ್ಚಿನದು ದಖ್ಖನಿಯಲ್ಲಿತ್ತು, ಅರ್ಧ ಅರ್ಥವಾಯಿತು. ನಡುನಡುವೆ ನಿಲ್ಲಿಸಿ ಉಸಿರು ತೆಗೆದುಕೊಳ್ಳುತ್ತಿದ್ದರು. ಆಗೆಲ್ಲ ದನಿ ಮತ್ತೆ ಬರುತ್ತದೋ ಇಲ್ಲವೋ ಎಂದು ನಾನೂ ಉಸಿರು ಹಿಡಿಯುತ್ತಿದ್ದೆ.

"ಸರಿ ಹೇಳು. ಮುಂದಿನ ಸೀಸನ್‌ನಲ್ಲಿ ನದಿ ಇದೆಯಾ?"

"ಗೊತ್ತಿಲ್ಲ ಆಪಾ. ಕಥೆ ಈಗ ನನ್ನ ಕೈಗೆ ಕೊಡಲ್ಲ."

"ಒಳ್ಳೇದಾಯ್ತು," ಎಂದರು. "ಈ ದನಿ ಸಾಹೇಬ್ರಿಗೆ ನಾನೇ ಹೋಗಿ ಕೇಳಿಸ್ತೀನಿ. ಬೇಕು ಅಂದ್ರೆ ಇಟ್ಕೊಳ್ಲಿ, ಬೇಡ ಅಂದ್ರೆ ಬಿಡ್ಲಿ."

ಐದು ನಿಮಿಷಕ್ಕೆ ಇನ್ನೂ ಒಂದು ಬಾಕಿಯಿತ್ತು. ಅದನ್ನು ಮನೆಯವರಿಗೆ ಇಟ್ಟುಕೊಳ್ಳುತ್ತೇನೆಂದು ಹೇಳಿ ಫೋನ್ ಇಟ್ಟರು.