ಬಟ್ಟೆ ಹೊದ್ದ ಆರನೇ ಕ್ಲಾಸು

ನನಗೆ ಸಿಟ್ಟು ಬೇಗ ಬರುತ್ತದೆ. ಈಗಲೂ ಬರುತ್ತದೆ, ಆದರೆ ಈಗ ಮನೆಯಲ್ಲಿ ಯಾರೂ ಅದಕ್ಕೆ ಸೊಪ್ಪು ಹಾಕುವುದಿಲ್ಲ. ಇಪ್ಪತ್ಮೂರರ ವಯಸ್ಸಿನಲ್ಲಿ, ಭಾಗಮಂಡಲದ ಕೆಳಗಿನ ಒಂದು ಹಳ್ಳಿಗೆ ಟೀಚರಾಗಿ ಹೋದಾಗ, ಇಡೀ ಊರೇ ನನ್ನ ಸಿಟ್ಟಿಗೆ ಹೆದರುತ್ತಿತ್ತು. ಮೀಸೆ ಬೆಳ್ಳಗಾದ ಗಂಡಸರು ಕೂಡ ನಾನು ಎದುರಿಗೆ ಬಂದರೆ ಬೀಡಿ ಬಿಸಾಡುತ್ತಿದ್ದರು. ಅದು ಗೌರವವೆಂದು ನಾನು ಬೀಗುತ್ತಿದ್ದೆ.

ಕೊಡಗು ಮೈಸೂರು ರಾಜ್ಯಕ್ಕೆ ಸೇರಿ ಆಗಿನ್ನೂ ಎರಡು ಮಳೆಗಾಲ ಕಳೆದಿರಲಿಲ್ಲ. ನಾನಿದ್ದ ಶಾಲೆಯಲ್ಲಿ ಐದನೇ ತರಗತಿಯವರೆಗೆ ಮಾತ್ರ ಇತ್ತು. ಮುಂದೆ ಓದಬೇಕೆಂದರೆ ಹೊಳೆ ದಾಟಿ ಎಂಟು ಮೈಲಿ ಹೋಗಬೇಕು. ಗಂಡುಮಕ್ಕಳನ್ನು ನೆಂಟರ ಮನೆಯಲ್ಲಿ ಬಿಟ್ಟು ಓದಿಸುತ್ತಿದ್ದರು. ಹೆಣ್ಣುಮಕ್ಕಳು ಐದು ಮುಗಿಸಿ ನಾಟಿಗೆ ಇಳಿಯುತ್ತಿದ್ದರು, ಮೂರು ನಾಲ್ಕು ವರ್ಷಕ್ಕೆ ಮದುವೆಯಾಗುತ್ತಿದ್ದರು. ಆ ವರ್ಷ ಐದನೇ ತರಗತಿ ಮುಗಿಸಿದ ಆರು ಹುಡುಗಿಯರಿದ್ದರು. ಆರೂ ಜನ ಚುರುಕು. ಅವರನ್ನು ಹಾಗೆ ಬಿಟ್ಟುಕೊಡಲು ನನಗೆ ಮನಸ್ಸಾಗಲಿಲ್ಲ.

ಆರನೇ ತರಗತಿ ತೆರೆಯಲು ಅರ್ಜಿ ಹಾಕಿದೆ. ನಮ್ಮ ಇನ್ಸ್‌ಪೆಕ್ಟರು ಎರಡು ಷರತ್ತು ಹೇಳಿದರು. ಹೊಸ ತರಗತಿಯಲ್ಲಿ ಆರು ಮಕ್ಕಳಿಗಿಂತ ಕಡಿಮೆ ಇರಬಾರದು, ಅದಕ್ಕೊಂದು ಶಾಶ್ವತ ಕೊಠಡಿ ಇರಬೇಕು. ಮಳೆಗಾಲದಲ್ಲೇ ಬಂದು ನೋಡುತ್ತೇನೆ, ಎರಡರಲ್ಲಿ ಒಂದು ತಪ್ಪಿದರೂ ಮುಚ್ಚಿಸುತ್ತೇನೆ ಎಂದರು. ಆರು ಮಕ್ಕಳೇನೋ ಇದ್ದರು. ಕೊಠಡಿಗೆ ಹಂಚು ಮಂಗಳೂರಿನಿಂದ ಬರಬೇಕು, ಮರಕ್ಕೆ ಅರಣ್ಯ ಇಲಾಖೆಯ ಪರವಾನಗಿ ಬೇಕು. ನಮ್ಮ ಕಾಗದ ಮಡಿಕೇರಿಗೆ ಹೋಗಿ, ಅಲ್ಲಿಂದ ಮೈಸೂರಿಗೆ ಹೋಗಿ, ಎಲ್ಲಿ ಕೂತಿತೋ ಗೊತ್ತಾಗಲಿಲ್ಲ.

ಆಗ ಊರಿನ ನಿವೃತ್ತ ಸುಬೇದಾರರು ಒಂದು ದಾರಿ ತೋರಿಸಿದರು. ಅವರು ಕೊಡವರು, ಆರಡಿ ಎತ್ತರದ ಆಳು, ಮಹಾಯುದ್ಧಕ್ಕೆ ಹೋಗಿ ಬಂದವರು. ಮಿಲಿಟರಿಯವರು ಹರಾಜು ಹಾಕಿದ ಸಾಮಾನಿನಲ್ಲಿ ಒಂದು ದೊಡ್ಡ ಕ್ಯಾನ್ವಾಸ್ ಡೇರೆಯನ್ನು ಕೊಂಡುತಂದು ಅಟ್ಟದಲ್ಲಿ ಇಟ್ಟಿದ್ದರು.

"ಮೂರು ವರ್ಷ ಟೆಂಟಲ್ಲೇ ಮಲಗಿದ್ದೀನಿ ಟೀಚರ್. ಒಂದು ಹನಿ ಮೈಮೇಲೆ ಬಿದ್ದಿಲ್ಲ. ಫಿಕರ್ ಮಾಡ್ಬೇಡಿ" ಎಂದರು.

ಕಲ್ಲಿನ ಜಗಲಿ ಕಟ್ಟಿ, ಸೊಂಟದೆತ್ತರದ ಮಣ್ಣಿನ ಗೋಡೆ ಎಬ್ಬಿಸಿ, ಕಾಡುಮರದ ಕಂಬ ನಿಲ್ಲಿಸಿ, ಮೇಲೊಂದು ತೊಲೆ ಕೂರಿಸಿದರು. ಅದರ ಮೇಲೆ ಕ್ಯಾನ್ವಾಸ್ ಎಳೆದು, ಅಂಚಿನ ಹಗ್ಗಗಳನ್ನು ಸುತ್ತಲೂ ಗೂಟಕ್ಕೆ ಕಟ್ಟಿದರು. ನಾಲ್ಕೇ ದಿನದಲ್ಲಿ ಕೊಠಡಿ ಎದ್ದಿತು. ಒಳಗೆ ಹೋಗಿ ನಿಂತಾಗ ನನಗಾದ ಸಂತೋಷ ಇವತ್ತಿಗೂ ನೆನಪಿದೆ. ಹಂಚಿನ ಶಾಲೆಯ ಒಳಗೆ ಹಗಲಲ್ಲೂ ಮಬ್ಬು. ಇಲ್ಲಿ ಬಟ್ಟೆಯ ಮೂಲಕ ಬೆಳಕು ಹಾಲಿನಂತೆ ಸೋಸಿ ಬರುತ್ತಿತ್ತು, ಹಿಂದಿನ ಸಾಲಿನವರಿಗೂ ಬೋರ್ಡು ಕಾಣುತ್ತಿತ್ತು.

ಮೇ ತಿಂಗಳ ಕೊನೆಯಲ್ಲಿ, ಮಳೆಗೆ ಇನ್ನೊಂದು ವಾರವಿದೆ ಎನ್ನುವಾಗ, ನಾನು ಸುತ್ತ ಒಂದು ಪ್ರದಕ್ಷಿಣೆ ಹಾಕಿದೆ. ಹಗ್ಗಗಳು ಸಡಿಲವಾಗಿದ್ದವು. ಬಟ್ಟೆ ಅಲ್ಲಲ್ಲಿ ಜೋಲಾಡುತ್ತಿತ್ತು. ನನ್ನ ಪಿತ್ತ ನೆತ್ತಿಗೇರಿತು.

"ಏನ್ ಸುಬೇದಾರ್ರೇ ಇದು? ಗಾಳಿ ಬಂದ್ರೆ ಹಾರಿಹೋಗಲ್ವಾ? ನಿಮ್ಮ ಮನೆಯ ಹುಲ್ಲಿನ ಕೊಟ್ಟಿಗೇನಾದ್ರೂ ಹೀಗೆ ಬಿಡ್ತೀರಾ?"

ಅವರು ಏನೋ ಹೇಳಲು ಬಾಯಿ ತೆರೆದರು. ನಾನು ಅವಕಾಶ ಕೊಡಲಿಲ್ಲ. ಸುತ್ತ ನಿಂತಿದ್ದ ಗಂಡಸರೆಲ್ಲ ನನ್ನ ಕಡೆಗಾದರು. ಅದು ಸಹಜವೇ. ಆ ಕಡೆಯವರು ಮಳೆ ಹಿಡಿಯುವ ಮೊದಲು ಹುಲ್ಲಿನ ಮಾಡನ್ನು ಬಿಗಿದು ಕಟ್ಟುವುದನ್ನು ಹುಟ್ಟಿದಾಗಿನಿಂದ ನೋಡಿದವರು. ಕಟ್ಟು ಸಡಿಲವಿದ್ದ ಮನೆಯವರನ್ನು ಮಳೆಗಾಲವಿಡೀ ಆಡಿಕೊಳ್ಳುವವರು. ಒಂದೊಂದು ಹಗ್ಗಕ್ಕೆ ಇಬ್ಬಿಬ್ಬರು ನಿಂತು, ಕಾಲನ್ನು ಗೂಟಕ್ಕೆ ಒತ್ತಿ, ಹೋ ಎಂದು ಎಳೆದು ಬಿಗಿದರು. ಸುಬೇದಾರರೂ ಮರುಮಾತಾಡದೆ ಒಂದು ಹಗ್ಗ ಹಿಡಿದರು. ಬಟ್ಟೆಯ ಮೇಲೆ ಬೆರಳಿನಿಂದ ಬಡಿದರೆ ತಮಟೆಯ ಹಾಗೆ ಸದ್ದು ಬರುತ್ತಿತ್ತು. ನಾನು ಹೆಮ್ಮೆಯಿಂದ ಕಾಫಿ ಕುಡಿಸಿದೆ.

ಮಳೆ ಹಿಡಿದ ಎರಡನೆಯ ದಿನ, ಮಧ್ಯಾಹ್ನ ಎರಡು ಗಂಟೆಗೆ, ನಾನು ಭಿನ್ನರಾಶಿ ಹೇಳಿಕೊಡುತ್ತಿದ್ದೆ. ಕಂಬಗಳು ಕಿರ್ ಎಂದವು. ಒಬ್ಬ ಹುಡುಗಿ ಮೇಲೆ ನೋಡಿದಳು, ನಾನು ಬೋರ್ಡು ನೋಡು ಎಂದು ಗದರಿದೆ. ಅಷ್ಟರಲ್ಲಿ ತೊಲೆಯಿಂದ ಅಂಚಿನವರೆಗೆ ಬಟ್ಟೆ ಪರ್ರನೆ ಹರಿಯಿತು. ಮೂಲೆಯ ಒಂದು ಕಂಬ ವಾಲಿ, ಮೇಲಿನಿಂದ ಇಳಿಯುತ್ತಿದ್ದ ನೀರೆಲ್ಲ ಒಟ್ಟಿಗೆ ಮಕ್ಕಳ ತಲೆಯ ಮೇಲೆ ಸುರಿಯಿತು. ಪುಣ್ಯಕ್ಕೆ ಯಾರಿಗೂ ಪೆಟ್ಟಾಗಲಿಲ್ಲ. ಆದರೆ ಹುಡುಗಿಯರು ಕಿರುಚುತ್ತ ಮನೆಗೆ ಓಡಿದರು. ಮರುದಿನ ಆರು ಜನರಲ್ಲಿ ಮೂವರು ಬರಲಿಲ್ಲ.

ಸುಬೇದಾರರು ಬಂದು ಹರಿದ ಬಟ್ಟೆಯನ್ನು ತುಂಬ ಹೊತ್ತು ನೋಡಿದರು.

"ನೀವು ಮೂರು ವರ್ಷ ಮಲಗಿದ್ದು ಎಲ್ಲಿ?" ಎಂದು ಕೇಳಿದೆ.

"ಮರಳುಗಾಡಲ್ಲಿ" ಎಂದರು. ನನಗೆ ಅಳಬೇಕೋ ನಗಬೇಕೋ ತಿಳಿಯಲಿಲ್ಲ. ಅವರು ತಲೆ ಕೆರೆದುಕೊಂಡು ಮುಂದುವರಿಸಿದರು. "ಅಲ್ಲಿ ದಿನಾ ಸಾಯಂಕಾಲ ಹಗ್ಗ ಸಡಿಲ ಬಿಡೋಕೆ ಆರ್ಡರ್ ಇತ್ತು ಟೀಚರ್. ರಾತ್ರಿ ಇಬ್ಬನಿ ಬೀಳ್ತಿತ್ತಲ್ಲ. ಒದ್ದೆ ಆದ್ರೆ ಹಗ್ಗಾನೂ ಬಟ್ಟೇನೂ ಕುಗ್ಗುತ್ತೆ, ಬಿಗಿಯುತ್ತೆ. ಯಾಕೆ ಅಂತ ನಮಗ್ಯಾರೂ ಹೇಳ್ಲಿಲ್ಲ, ನಾವೂ ಕೇಳ್ಲಿಲ್ಲ. ಈಗ ತಲೆಗೆ ಹೋಯ್ತು. ಅದೇ ಅಭ್ಯಾಸದಲ್ಲಿ ಸಡಿಲ ಬಿಟ್ಟಿದ್ದೆ."

"ಅವತ್ತೇ ಹೇಳ್ಬಾರ್ದಿತ್ತಾ?"

"ನೀವು ಆರ್ಡರ್ ಕೊಟ್ರಲ್ಲ."

ಅವರು ವ್ಯಂಗ್ಯವಾಡಲಿಲ್ಲ. ನಿಜವನ್ನು ನಿಜವಾಗಿ ಹೇಳಿದರು. ನನಗೆ ನಾಚಿಕೆಯಿಂದ ಮುಖ ಎತ್ತಲಾಗಲಿಲ್ಲ. ಊರಿನವರು ಬಟ್ಟೆಯನ್ನೂ ಸುಬೇದಾರರನ್ನೂ ಬೈಯುತ್ತಿದ್ದರು. ಸುಬೇದಾರರನ್ನು ಬಿಟ್ಟರೆ ತಪ್ಪು ಯಾರದೆಂದು ಗೊತ್ತಿದ್ದವಳು ನಾನೊಬ್ಬಳೇ.

ಮೂವರಲ್ಲಿ ಇಬ್ಬರ ಮನೆಯವರು ಮೂರನೆಯವಳ ತಾಯಿ ಏನು ಮಾಡುತ್ತಾಳೋ ಅದನ್ನೇ ಮಾಡುವವರು. ಆಕೆ ಅರೆಭಾಷೆಯ ಗೌಡರ ಮನೆಯ ಹೆಂಗಸು, ಗಂಡ ತೀರಿಕೊಂಡಿದ್ದ, ಗದ್ದೆಯನ್ನು ತಾನೇ ಮಾಡಿಸುತ್ತಿದ್ದಳು. ಆಕೆ ಒಪ್ಪಿದರೆ ಮೂವರೂ ಬಂದಂತೆ, ಇಲ್ಲದಿದ್ದರೆ ಆರನೇ ತರಗತಿ ಮುಚ್ಚಿದಂತೆ. ಶನಿವಾರ ಮಧ್ಯಾಹ್ನ ಕೊಡೆ ಹಿಡಿದು ಅವರ ಮನೆಗೆ ಹೋದೆ. ಜಗಲಿಯಲ್ಲಿ ಕೂತು ಆಕೆ ಹಳೆಯ ಗೋಣಿಚೀಲಗಳಿಗೆ ದಬ್ಬಣದಲ್ಲಿ ಹೊಲಿಗೆ ಹಾಕುತ್ತಿದ್ದಳು. ನನ್ನನ್ನು ಕಂಡು ಎದ್ದಳು, ಆದರೆ ಮುಖ ಗಂಟಿಕ್ಕಿಕೊಂಡೇ ಇತ್ತು.

"ಹುಲ್ಲಿನ ಮಾಡ್ ಆದ್ರೂ ಅಡ್ಡಿ ಇಲ್ಲೆ ಟೀಚರೆ. ಬಟ್ಟೆ ಅಡಿಲಿ ಮಕ್ಕಳ ಕೂರ್ಸಿಕೆ ಆಲೆ" ಎಂದಳು. ಆಲೆ ಎಂದರೆ ಆಗುವುದಿಲ್ಲ.

ದಾರಿಯುದ್ದಕ್ಕೂ ನಾನು ಒಂದು ಭಾಷಣ ತಯಾರು ಮಾಡಿಕೊಂಡಿದ್ದೆ, ಹೆಣ್ಣುಮಕ್ಕಳ ವಿದ್ಯೆ, ದೇಶ, ಎಲ್ಲ ಇತ್ತು ಅದರಲ್ಲಿ. ಬಾಯಿಂದ ಬಂದದ್ದು ಬೇರೆ. "ಬಟ್ಟೆಯದು ತಪ್ಪಿಲ್ಲಮ್ಮ, ಸುಬೇದಾರ್ರದ್ದೂ ತಪ್ಪಿಲ್ಲ. ಅವರು ಸರಿಯಾಗೇ ಕಟ್ಟಿದ್ರು. ನಾನೇ ಬೈದು ಬಿಗಿಸಿದೆ. ಅದಕ್ಕೇ ಹರಿಯಿತು."

ಆಕೆ ನನ್ನ ಮುಖವನ್ನೇ ನೋಡಿದಳು. ಆಮೇಲೆ ಇದ್ದಕ್ಕಿದ್ದಂತೆ ನಗಲು ಶುರು ಮಾಡಿದಳು. ಸೆರಗು ಬಾಯಿಗೆ ಒತ್ತಿಕೊಂಡು ನಕ್ಕಳು. "ಊರಿಗೇ ಬುದ್ಧಿ ಹೇಳುವ ಟೀಚರ್!" ಎಂದಳು. ನನಗೆ ಸಿಟ್ಟು ಬರಬೇಕಿತ್ತು, ಬರಲಿಲ್ಲ. ನಕ್ಕು ಸುಸ್ತಾದ ಮೇಲೆ, ಹರಿದದ್ದು ನೂಲಿನ ಉದ್ದಕ್ಕೋ ಅಡ್ಡಕ್ಕೋ ಎಂದು ವಿಚಾರಿಸಿದಳು. ನನಗದು ಗೊತ್ತಿರಲಿಲ್ಲ.

ಮರುದಿನ ದಬ್ಬಣ ಹಿಡಿದು ತಾನೇ ಬಂದಳು. ಕ್ಯಾನ್ವಾಸನ್ನು ಇಳಿಸಿ ಹಂಚಿನ ಶಾಲೆಯೊಳಗೆ ಹಾಸಿದೆವು. ಭಾಗಮಂಡಲದ ಕಡೆ ಜೇನಿಗೆ ಬರವಿಲ್ಲ, ಮೇಣಕ್ಕೂ ಇಲ್ಲ. ದಾರವನ್ನು ಜೇನುಮೇಣದಲ್ಲಿ ಎಳೆದೆಳೆದು, ಹರಿದ ಜಾಗಕ್ಕೆ ಒಳಗೂ ಹೊರಗೂ ಪಟ್ಟಿ ಕೊಟ್ಟು, ಎರಡು ದಿನ ಕೂತು ಹೊಲಿದಳು. ನಾನು ಪಕ್ಕದಲ್ಲಿ ಕೂತು ದಾರ ಕೊಡುತ್ತಿದ್ದೆ. ನನ್ನ ಒಂದು ಹೊಲಿಗೆಯನ್ನು ನೋಡಿ ಆಕೆ ಅದನ್ನು ಬಿಚ್ಚಿಸಿದಳು. ಕೊನೆಗೆ ಹೊಲಿಗೆಯ ಮೇಲೆಲ್ಲ ಮೇಣ ತಿಕ್ಕಿ, ಎರಡು ಕೈಯಿಂದ ಎಳೆದು ನೋಡಿ ಎದ್ದಳು.

"ಈಗ ಅಡ್ಡಿ ಇಲ್ಲೆ. ಗೂಡೆನ ನಾಳೆಂದ ಕಳ್ಸ್‌ನೆ" ಎಂದಳು. ಅವರ ಮಾತಿನಲ್ಲಿ ಗೂಡೆ ಎಂದರೆ ಹುಡುಗಿ. ನನ್ನ ಮಾತನ್ನು ನಂಬಿ ಆಕೆ ಮಗಳನ್ನು ಕಳಿಸಲಿಲ್ಲ. ತನ್ನ ಹೊಲಿಗೆಯನ್ನು ನಂಬಿ ಕಳಿಸಿದಳು. ಉಳಿದಿಬ್ಬರೂ ಹಿಂದೆಯೇ ಬಂದರು.

ಅಲ್ಲಿಂದ ಮುಂದೆ ನಾವೆಲ್ಲ ಬಟ್ಟೆಗೆ ಜೀತಕ್ಕೆ ಬಿದ್ದೆವು ಎಂದರೂ ಸರಿಯೇ. ಹಂಚಿನ ಮಾಡು ಒಮ್ಮೆ ಹಾಕಿಸಿದರೆ ವರ್ಷಕ್ಕೊಂದು ಸಲ ತಲೆಯೆತ್ತಿ ನೋಡಿದರೆ ಸಾಕು. ಇದು ಹಾಗಲ್ಲ. ಮಳೆ ಶುರುವಾದರೆ ಇಬ್ಬರು ಹುಡುಗಿಯರು ಮಳೆಗೆಂದು ಎಲೆಯಿಂದ ಹೆಣೆದ ಗೊರಬೆ ಹೊದ್ದು ಹೊರಗೆ ಓಡಬೇಕು, ಹಗ್ಗ ಸಡಿಲಿಸಬೇಕು. ಬಿಸಿಲು ಬಂದರೆ ಮತ್ತೆ ಎಳೆಯಬೇಕು. ಅದಕ್ಕೊಂದು ಪಾಳಿ ಮಾಡಿದೆವು. ನೀರು ನಿಂತ ಕಡೆ ಕೋಲಿನ ತುದಿಗೆ ಬಟ್ಟೆ ಸುತ್ತಿ ಮೆಲ್ಲಗೆ ಎತ್ತಬೇಕು. ಒಳಗಿನಿಂದ ಬರಿಗೈಯಲ್ಲಿ ಮುಟ್ಟಿದರೆ ಆ ಜಾಗದಿಂದ ಹನಿ ಶುರುವಾಗುತ್ತದೆ, ಮಳೆ ಬಿಡುವವರೆಗೆ ನಿಲ್ಲುವುದಿಲ್ಲ. ಬೂಷ್ಟು ಹಿಡಿಯದಿರಲೆಂದು ಕೆಂಡದ ಮಡಕೆ ಇಟ್ಟರೆ ಕಿಡಿಯ ಭಯ. ಮೇಣದ ವಾಸನೆಗೆ ಇರುವೆಗಳು ಸಾಲು ಕಟ್ಟಿ ಬಂದವು, ಅವುಗಳನ್ನು ಓಡಿಸಲು ಗೂಟದ ಬುಡಕ್ಕೆ ಬೂದಿ ಸುರಿದೆವು. ಜೋರು ಮಳೆಯಲ್ಲಿ ನನ್ನ ಪಾಠ ನನಗೇ ಕೇಳುತ್ತಿರಲಿಲ್ಲ. ಆಗ ಎಲ್ಲವನ್ನೂ ಬೋರ್ಡಿನ ಮೇಲೆ ಬರೆಯುತ್ತಿದ್ದೆ, ಅವರು ಸ್ಲೇಟಿನಲ್ಲಿ ಬರೆದು ಉತ್ತರ ತೋರಿಸುತ್ತಿದ್ದರು. ಅವರ ಅಕ್ಷರ ದುಂಡಗಾದದ್ದು ಹಾಗೆಯೇ.

ಇಷ್ಟೆಲ್ಲ ಪಾಡುಪಟ್ಟರೂ ಅಲ್ಲಿ ಕೂತು ಪಾಠ ಮಾಡುವುದು ನನಗೆ ಇಷ್ಟವಾಗಿತ್ತು. ಮಳೆ ನಿಂತು ಮೋಡ ಸರಿದ ಕೂಡಲೇ ಇಡೀ ಕೊಠಡಿ ಬೆಳಗುತ್ತಿತ್ತು, ಹುಡುಗಿಯರು ಒಬ್ಬರ ಮುಖ ಒಬ್ಬರು ನೋಡಿ ನಗುತ್ತಿದ್ದರು. ಆಮೇಲೆ ಕೆಲಸ ಮಾಡಿದ ಯಾವ ಕಟ್ಟಡದಲ್ಲೂ ನನಗೆ ಅಂಥ ಬೆಳಕು ಸಿಗಲಿಲ್ಲ.

ಜುಲೈ ಕೊನೆಗೆ, ಕೊಡಗಿನಲ್ಲಿ ಮಳೆ ಬಿರುಸಾಗಿರುವ ಕಕ್ಕಡ ತಿಂಗಳ ಮಧ್ಯದಲ್ಲಿ ಇನ್ಸ್‌ಪೆಕ್ಟರು ಬಂದರು. ಬಯಲುಸೀಮೆಯವರು, ಒದ್ದೆಯಾಗಿ ಮೊದಲೇ ಬೇಸತ್ತಿದ್ದರು. ಹುಡುಗಿಯರನ್ನು ಎಣಿಸಿದರು, ಆರು. ರಿಜಿಸ್ಟರು ತೆರೆದು ಮೇಜಿನ ಮೇಲಿಟ್ಟು ಮೇಲೆ ನೋಡಿದರು. ಅಷ್ಟರಲ್ಲಿ ಮಳೆ ಜೋರಾಯಿತು. ಪಾಳಿಯ ಇಬ್ಬರು ಎದ್ದು, ಅವರನ್ನೂ ಕೇಳದೆ ನನ್ನನ್ನೂ ಕೇಳದೆ, ಗೊರಬೆ ಹೊದ್ದು ಹೊರಗೆ ಹೋದರು.

"ಇದೇನ್ರೀ ಶಿಸ್ತು?" ಎಂದರು ಇನ್ಸ್‌ಪೆಕ್ಟರು. ಬಟ್ಟೆ ಎಷ್ಟು ಗಟ್ಟಿ ಎಂದು ನೋಡಲು ಕೈಯೆತ್ತಿ ಬೆರಳಿನಿಂದ ಒತ್ತಿದರು.

"ಮುಟ್ಬೇಡಿ ಸಾರ್!" ಎಂದು ನಾಲ್ವರೂ ಒಟ್ಟಿಗೆ ಕೂಗಿದರು. ತಡವಾಗಿತ್ತು. ಒಂದೊಂದೇ ಹನಿ ಅವರ ರಿಜಿಸ್ಟರಿನ ಮೇಲೆ ಬೀಳತೊಡಗಿತು. ಅವರು ರಿಜಿಸ್ಟರನ್ನು ಆಚೆ ಎಳೆದರೆ ಹನಿ ಟೋಪಿಯ ಮೇಲೆ ಬಿತ್ತು. ಎಲ್ಲ ಮುಗಿಯಿತು ಅಂದುಕೊಂಡೆ.

ಅವರು ನನ್ನನ್ನು ನೇರವಾಗಿ ಕೇಳಿದರು. "ಶಾಶ್ವತ ಕೊಠಡಿ ಅಂತ ಬರೆದಿದ್ದೀರಲ್ಲ. ಇದು ಶಾಶ್ವತಾನಾ? ಎಷ್ಟು ದಿನ ನಿಲ್ಲುತ್ತೆ?"

ನಾನು ಬಾಯಿ ತೆರೆಯುವಷ್ಟರಲ್ಲಿ, ಹಗ್ಗ ಸಡಿಲಿಸಿ ಆಗಷ್ಟೇ ಒಳಗೆ ಬಂದಿದ್ದ ಹುಡುಗಿ, ಅದೇ ಹೊಲಿದ ತಾಯಿಯ ಮಗಳು, ಬಾಗಿಲಲ್ಲಿ ನೀರು ಕೊಡವಿಕೊಳ್ಳುತ್ತ ಉತ್ತರ ಕೊಟ್ಟಳು.

"ಎರಡು ವರ್ಷ ನಿಂತ್ರೆ ಸಾಕು ಸಾರ್. ಅಷ್ಟ್ರಲ್ಲಿ ನಮ್ದು ಏಳನೇ ಕ್ಲಾಸು ಮುಗಿಯುತ್ತೆ."

ಇನ್ಸ್‌ಪೆಕ್ಟರು ರಿಜಿಸ್ಟರನ್ನು ಹನಿ ಬೀಳದ ಕಡೆಗೆ ಸರಿಸಿ, ಶಾಶ್ವತ ಎಂಬ ಮಾತನ್ನು ಹೊಡೆದುಹಾಕಿ, ಎರಡು ವರ್ಷ ಎಂದು ಬರೆದು ಸಹಿ ಹಾಕಿದರು. ಹೋಗುವಾಗ ಆ ಹುಡುಗಿಯ ತಲೆ ಮುಟ್ಟಿ ಹೋದರು. ನಾನು ಬೋರ್ಡಿನ ಕಡೆ ತಿರುಗಿ ಅತ್ತುಬಿಟ್ಟೆ.

ಬಟ್ಟೆ ಎರಡು ವರ್ಷ ನಿಂತಿತು. ಆರೂ ಜನ ಪರೀಕ್ಷೆಗೆ ಕೂತರು, ಐವರು ಪಾಸಾದರು. ಫೇಲಾದವಳು ಎರಡೇ ವರ್ಷ ಸಾಕು ಅಂದವಳೇ, ಲೆಕ್ಕದಲ್ಲಿ. ಫಲಿತಾಂಶದ ದಿನ ಅವಳು ಶಾಲೆಯ ಹೊರಗೆ ನಿಂತು, ಬಿಸಿಲಿಗೆ ಜೀರ್ಣವಾಗಿ ತೆಳ್ಳಗಾದ ಆ ಬಟ್ಟೆಯನ್ನೇ ನೋಡುತ್ತಿದ್ದಳು.

"ಟೀಚರ್, ಇದು ಇನ್ನೊಂದು ವರ್ಷ ನಿಲ್ಲುತ್ತಾ?" ಎಂದು ಕೇಳಿದಳು.

ನಿಲ್ಲುತ್ತದೆಯೋ ಇಲ್ಲವೋ ನನಗೆ ಗೊತ್ತಿರಲಿಲ್ಲ. ಪರವಾನಗಿ ಮುಗಿದಿತ್ತು, ಹಂಚಿನ ಸುದ್ದಿ ಇರಲಿಲ್ಲ. ಆದರೂ ನಿಲ್ಲಿಸೋಣ ಎಂದೆ. ಅವಳೊಬ್ಬಳ ಲೆಕ್ಕದ ಪರೀಕ್ಷೆಗಾಗಿ ನಾನು ಮತ್ತೆ ಅರ್ಜಿ ಬರೆದೆ, ಊರಿನವರು ಮತ್ತೆ ಕಂಬ ಹತ್ತಿದರು, ಯಾರೂ ಗೊಣಗಲಿಲ್ಲ. ಜೂನ್ ತಿಂಗಳಲ್ಲಿ ಬಾಗಿಲು ತೆರೆದಾಗ ಅವಳ ಜೊತೆ ಆ ಬಟ್ಟೆಯ ಅಡಿಯಲ್ಲಿ ಕೂರಲು ಐದನೇ ತರಗತಿ ಮುಗಿಸಿದ ಇನ್ನೂ ಒಂಬತ್ತು ಹುಡುಗಿಯರು ಬಂದಿದ್ದರು.