ಹದಿನೇಳನೇ ಪುಟದ ಮೂರು ಚುಕ್ಕಿ

ಕಳೆದ ಶನಿವಾರ ನನ್ನ ಹೆಂಡತಿಯನ್ನು ಇನ್ನೊಬ್ಬರ ಪಕ್ಕದಲ್ಲಿ ನೋಡಿದೆ. ಒಂದು ಕಾಮಿಕ್ಸ್ ಪುಸ್ತಕದ ಹದಿನೇಳನೇ ಪುಟದಲ್ಲಿ.

ನಿಧಾನವಾಗಿ ಹೇಳುತ್ತೇನೆ. ಶ್ರೀರಾಂಪುರದ ನಮ್ಮ ಬೀದಿಯ ಕೊನೆಗೆ ಶಿವಣ್ಣನ ಸರ್ಕ್ಯುಲೇಟಿಂಗ್ ಲೈಬ್ರರಿ ಇದೆ. ಬಾಡಿಗೆಗೆ ಪುಸ್ತಕ ಒಯ್ಯುವವರು ಓದಿ ಮುಗಿಸಿದ ಮೇಲೆ ಒಳಗೆಲ್ಲೋ ತಮ್ಮದೊಂದು ಗುರುತು ಹಾಕುತ್ತಾರೆ. ಮರೆತು ಅದನ್ನೇ ಮತ್ತೆ ಒಯ್ಯಬಾರದಲ್ಲ! (ನೀವೂ ಹಾಕಿರುತ್ತೀರಿ, ಒಪ್ಪಿಕೊಳ್ಳಿ.) ನನ್ನ ಹೆಂಡತಿ ಗಿರಿಜಾಳದು ಹದಿನೇಳನೇ ಪುಟದ ಮೂಲೆಯಲ್ಲಿ ಒಂದು ಪುಟ್ಟ ದೀಪ. ನೀಲಿ ಪೆನ್ನು. ಮದುವೆಯಾದ ಹೊಸದರಲ್ಲಿ ಅವಳು ತಂದ ಕಾದಂಬರಿಗಳಲ್ಲಿ ನೋಡಿದ್ದೆ.

ಅವತ್ತು ವಾರಪತ್ರಿಕೆ ಹಿಂದಿರುಗಿಸಲು ಹೋದವನು ಕೈಗೆ ಸಿಕ್ಕ ಇಂಗ್ಲಿಷ್ ಕಾಮಿಕ್ಸ್ ತಿರುವಿದೆ. ಅರ್ಧ ಮನುಷ್ಯ, ಅರ್ಧ ಯಂತ್ರವಾದ ಅಮೆರಿಕದ ಆ ಪೊಲೀಸ್ ಇದ್ದಾನಲ್ಲ, ಅವನದು. ಗುಂಡೇಟಿಗೆ ಬಿದ್ದವನನ್ನು ಉಕ್ಕಿನಲ್ಲಿ ಕಟ್ಟಿ ನಿಲ್ಲಿಸುತ್ತಾರೆ. ಹಳೆಯ ಸಂಸಾರ ಅವನನ್ನು ಕನಸಿನಂತೆ ಕಾಡುತ್ತದೆ. ಸಿನಿಮಾಗಳೇ ಮೂರು ಬಂದಿವೆ. ಮೊದಲನೆಯದಕ್ಕೆ ಗಿರಿಜಾ ನನ್ನನ್ನು ಎಳೆದುಕೊಂಡು ಹೋಗಿದ್ದಳು. ಇಂಟರ್‌ವೆಲ್ ನಂತರ ನಾನು ನಿದ್ದೆ ಹೋಗಿದ್ದೆ.

ಹದಿನೇಳನೇ ಪುಟದಲ್ಲಿ ದೀಪ. ಪಕ್ಕದಲ್ಲಿ ಪೆನ್ಸಿಲ್‌ನ ಮೂರು ಚುಕ್ಕಿ.

ಇರಲಿ, ಯಾರೋ ಓದಿದ್ದಾರೆ. ಎರಡನೆಯ ಸಂಚಿಕೆ ತೆಗೆದೆ. ದೀಪ, ಮೂರು ಚುಕ್ಕಿ. ಕಪಾಟಿನಲ್ಲಿ ಏಳು ಸಂಚಿಕೆಗಳಿದ್ದವು. ಏಳರಲ್ಲೂ ಇಬ್ಬರೂ ಇದ್ದರು. ಐದನೆಯದರಲ್ಲಿ ಒಂದು ಚಿತ್ರದ ಕೆಳಗೆ ಪೆನ್ಸಿಲ್ ಬರೆದಿತ್ತು: ‘ಇಲ್ಲಿ ಅವನಿಗೆ ಎಲ್ಲ ನೆನಪಾಯಿತು.’

ಅದರ ಕೆಳಗೆ ನೀಲಿ ಪೆನ್ನು: ‘ಇಲ್ಲ. ನೆನಪಾಗಿ ತುಂಬಾ ದಿನವಾಗಿದೆ. ಹೇಳಿಕೊಂಡಿಲ್ಲ ಅಷ್ಟೆ.’

ಪೆನ್ಸಿಲ್: ‘ಯಾಕೆ?’

ಪೆನ್ನು: ‘ಕೇಳುವವರು ಯಾರು?’

ಪುಸ್ತಕವನ್ನು ಶಿವಣ್ಣನ ಮೇಜಿನ ಮೇಲಿಟ್ಟೆ.

“ಈ ಮೂರು ಚುಕ್ಕಿ ಯಾರದು ಶಿವಣ್ಣ?”

“ಅದಾ ಸಾರ್? ರಿಟೈರ್ಡ್ ಎಡ್ ಕಾನ್‌ಸ್ಟೇಬಲ್ ಯಜಮಾನ್ರದು. ಆಕ್ಸಿಡೆಂಟ್ನಲ್ಲಿ ಒಂದು ಕಾಲು ಓಗ್ಬುಡ್ತು, ಕಟ್ಟುಕಾಲು ಆಕ್ಕಂಡವ್ರೆ. ಈ ಬುಕ್ಕಿನ ಪೊಲೀಸ್ನ ತೋರ್ಸಿ ‘ಇವ್ನು ನಮ್ ಡಿಪಾರ್ಟ್‌ಮೆಂಟ್ನೋನೇ ಕಣೋ’ ಅಂತ ನಗಾಡ್ತಾರೆ.”

“ಗಿರಿಜಾಗೆ ಅವರು ಪರಿಚಯವಾ?”

“ಎಲ್ಲಿ ಪರಿಚಯ, ಬುಡಿ ಸಾರ್! ಒಬ್ರನ್ನೊಬ್ರು ನೋಡೇ ಇಲ್ಲ. ಒಸದು ಬಂತಾ ಅಂತ ಇಬ್ರೂ ನನ್ನ ತಲೆ ತಿಂತಾರೆ, ಅಷ್ಟೇಯ.”

ಹೊಟ್ಟೆಯುರಿ ಇಳಿಯಬೇಕಿತ್ತು. ಇಳಿಯಿತೇ? ಏರಿತು. ಮುಖವನ್ನೇ ನೋಡದ ಮನುಷ್ಯನಿಗೆ ಅವಳು ಉತ್ತರ ಕೊಟ್ಟಿದ್ದಳು. ಅವಳು ಕಾಮಿಕ್ಸ್ ಓದುತ್ತಾಳೆ ಎಂಬುದೇ ನನಗೆ ಗೊತ್ತಿರಲಿಲ್ಲ.

ಆಮೇಲೆ ಮಾಡಿದ್ದನ್ನು ಬರೆಯಲು ನಾಚಿಕೆ. ಶಿವಣ್ಣನ ಪೆನ್ನು ಇಸಿದುಕೊಂಡು ಏಳೂ ಸಂಚಿಕೆಗಳಲ್ಲಿ, ದೀಪಕ್ಕೂ ಚುಕ್ಕಿಗಳಿಗೂ ನಡುವೆ, ಒಂದು ಗೆರೆ ಎಳೆದೆ. ನನ್ನ ಗುರುತು. ಒಂದನ್ನೂ ಓದದೆ!

ಬುಧವಾರ ಗಿರಿಜಾ ಲೈಬ್ರರಿಯಿಂದ ನೇರ ನನ್ನ ಬಳಿಗೆ ಬಂದಳು. ಚಪ್ಪಲಿ ಕೂಡ ಬಿಟ್ಟಿರಲಿಲ್ಲ.

“ಆ ಗೆರೆ ನಿಮ್ದಂತೆ! ಶಿವಣ್ಣ ಹೇಳ್ದ. ಏಳೂ ಓದಿದ್ರಾ?”

ಅವಳ ಮುಖ ಅರಳಿತ್ತು. ಆ ಮುಖ ನೋಡಿ ಎಷ್ಟು ದಿನವಾಗಿತ್ತು!

“ಹೂಂ” ಎಂದೆ.

“ಐದನೇದ್ರಲ್ಲಿ ಅವ್ನು ಹೆಂಡ್ತಿ ಮನೆ ಬಾಗಿಲ ತನಕ ಹೋಗಿ ಸುಮ್ನೆ ವಾಪಸ್ ಬರ್ತಾನಲ್ಲ, ಸರೀನಾ ಅದು? ಆ ಹೆಂಡ್ತಿ ನಾನಾಗಿದ್ರೆ ಹೋಗೋಕೆ ಬಿಡ್ತಿರ್ಲಿಲ್ಲಪ್ಪ. ನೀವೇನಂತೀರಿ?”

“ಚಿತ್ರಗಳು ಚೆನ್ನಾಗಿವೆ” ಎಂದೆ.

ಅವಳು ನನ್ನನ್ನೇ ನೋಡಿದಳು. ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು.

“ಓದಿಲ್ಲ ಅಂದಿದ್ರೆ ಕಥೆ ಹೇಳ್ತಿದ್ದೆ ಕಣ್ರೀ” ಎಂದು ಚಪ್ಪಲಿ ಬಿಡಲು ಹೊರಗೆ ಹೋದಳು.

ಗ್ಯಾಸ್ ಸಿಲಿಂಡರ್‌ಗಾಗಿ, ನಲ್ಲಿ ನೀರಿಗಾಗಿ ನಾವೆಲ್ಲ ಜಗಳವಾಡುತ್ತಲೇ ಇರುತ್ತೇವೆ. ಒಂದು ಕಥೆಗಾಗಿ ನಿಮ್ಮ ಮನೆಯಲ್ಲಿ ಕೊನೆಯ ಸಲ ಜಗಳವಾಗಿದ್ದು ಯಾವಾಗ?